ಪಹಣಿ ಓದೋಣ, ಕಂಪ್ಯೂಟರನ್ನು ಅರಿಯೋಣ



ನಿಮ್ಮ ಮನೆಯ ಟ್ರಂಕಿನಲ್ಲೋ ಗೋಡೆಯ ಗೂಡಿನಲ್ಲೋ ಪ್ಲಾಸ್ಟಿಕ್ ಚೀಲದಲ್ಲಿ ಜೋಪಾನವಾಗಿ ಕಟ್ಟಿಟ್ಟ ಕೆಲವು ಕಾಗದಗಳಿರುತ್ತವೆ. ಪಡಿತರ ಚೀಟಿ, ಜಾತಿ ಮತ್ತು ಆದಾಯ ಪ್ರಮಾಣ ಪತ್ರ, ಜಮೀನಿದ್ದರೆ ಪಹಣಿ. ಇವನ್ನು ನೀವು ಎಂದಾದರೂ ಬಿಚ್ಚಿ ಓದಿದ್ದೀರಾ? ಈ ಬಾರಿ ಪಹಣಿಯೊಂದನ್ನು ಓದುತ್ತಾ, ಸರ್ಕಾರದ ಕೆಲಸದಲ್ಲಿ ಕಂಪ್ಯೂಟರ್ ಏನು ಮಾಡಬಲ್ಲದು, ಏನು ಮಾಡಲಾರದು ಎಂಬುದನ್ನು ತಿಳಿಯೋಣ.

ಪಹಣಿ ಎಂದರೇನು?

ಒಂದು ತುಂಡು ಜಮೀನು ಯಾರ ಹೆಸರಿನಲ್ಲಿದೆ, ಅದರ ವಿಸ್ತೀರ್ಣ ಎಷ್ಟು, ಅಲ್ಲಿ ಯಾವ ಬೆಳೆ ಇದೆ, ಅದರ ಮೇಲೆ ಸಾಲವಿದೆಯೇ ಎಂದು ತಿಳಿಸುವ ದಾಖಲೆಯೇ ಪಹಣಿ. ಇದಕ್ಕೆ ಆರ್.ಟಿ.ಸಿ. ಎಂದೂ, ಉತ್ತರ ಕರ್ನಾಟಕದ ಕಡೆ ಉತಾರ ಎಂದೂ ಹೇಳುತ್ತಾರೆ. ಪ್ರತಿಯೊಂದು ಜಮೀನಿಗೂ ಒಂದು ಸರ್ವೆ ನಂಬರ್ ಇರುತ್ತದೆ. ಪಹಣಿಯ 9ನೇ ಕಾಲಂನಲ್ಲಿ ಜಮೀನು ಹೊಂದಿರುವವರ ಹೆಸರು, 11ರಲ್ಲಿ ಸಾಲ ಮತ್ತು ಇತರ ಹಕ್ಕುಗಳು, 12ರಲ್ಲಿ ಸಾಗುವಳಿ ಮತ್ತು ಬೆಳೆಯ ವಿವರ ಇರುತ್ತವೆ.

ರೈತರು ಬೆಳೆ ಸಾಲ ಪಡೆಯಲು, ಬೆಳೆ ವಿಮೆ ಮಾಡಿಸಲು, ಬರ ಬಂದಾಗ ಪರಿಹಾರ ಪಡೆಯಲು ಈ ವಿವರಗಳು ಬೇಕೇ ಬೇಕು. ಇದರಲ್ಲಿ ಒಂದು ಅಕ್ಷರ ತಪ್ಪಿದರೂ ಒಂದು ಕುಟುಂಬ ತಿಂಗಳುಗಟ್ಟಲೆ ಅಲೆಯಬೇಕಾಗಬಹುದು.

ಪುಸ್ತಕದಿಂದ ಕಂಪ್ಯೂಟರಿಗೆ

ಹಿಂದೆ ಈ ದಾಖಲೆಗಳು ಕೈಬರಹದಲ್ಲಿದ್ದವು. ಮೊದಲು ಶಾನುಭೋಗರು, ನಂತರ ಗ್ರಾಮ ಲೆಕ್ಕಿಗರು ಇವನ್ನು ಬರೆದಿಡುತ್ತಿದ್ದರು. ರಾಜ್ಯದಲ್ಲಿ ಸುಮಾರು 9000 ಗ್ರಾಮ ಲೆಕ್ಕಿಗರಿದ್ದರು. ಪಹಣಿ ಬೇಕೆಂದರೆ ಅವರನ್ನು ಹುಡುಕಿಕೊಂಡು ಹೋಗಬೇಕಿತ್ತು. ಪುಸ್ತಕ ಅವರ ಬಳಿಯೇ ಇದ್ದುದರಿಂದ ಅದರಲ್ಲಿ ಏನು ಬರೆದಿದೆ ಎಂದು ಬೇರೆಯವರು ಪರೀಕ್ಷಿಸುವುದು ಕಷ್ಟವಾಗಿತ್ತು.

ಕರ್ನಾಟಕ ಸರ್ಕಾರದ 'ಭೂಮಿ' ಯೋಜನೆಯು ಇದನ್ನು ಬದಲಿಸಿತು. ಸುಮಾರು 67 ಲಕ್ಷ ರೈತರ 2 ಕೋಟಿಯಷ್ಟು ದಾಖಲೆಗಳನ್ನು ಕಂಪ್ಯೂಟರಿಗೆ ಸೇರಿಸಲಾಯಿತು. 2002ರ ಹೊತ್ತಿಗೆ ತಾಲ್ಲೂಕು ಕಚೇರಿಗಳಲ್ಲಿ ಭೂಮಿ ಕೇಂದ್ರಗಳು ಆರಂಭವಾಗಿದ್ದವು. ಆಗ 15 ರೂಪಾಯಿ ಕೊಟ್ಟರೆ ಯಾರು ಬೇಕಾದರೂ ಪಹಣಿಯ ಪ್ರತಿ ಪಡೆಯಬಹುದಿತ್ತು. ಕೈಬರಹದ ಪಹಣಿಗೆ ಮಾನ್ಯತೆ ನಿಂತಿತು. ಇಂದು ಸರ್ವೆ ನಂಬರ್ ಗೊತ್ತಿದ್ದರೆ ಮೊಬೈಲ್ ಫೋನಿನಲ್ಲಿಯೇ ಪಹಣಿಯನ್ನು ನೋಡಬಹುದು.

ಹಾಗಾದರೆ ಕಂಪ್ಯೂಟರಿಗೆ ಬಂದ ಮೇಲೆ ಎಲ್ಲವೂ ಸರಿಯಾಗಿಯೇ ಇರುತ್ತದೆಯೇ? ಒಂದು ಲೆಕ್ಕ ಮಾಡಿ ನೋಡೋಣ.

ಕಂಪ್ಯೂಟರ್ ತಪ್ಪು ಹಿಡಿಯುವ ಬಗೆ

40 ಗುಂಟೆಗೆ 1 ಎಕರೆ ಎಂಬುದು ನಿಮಗೆ ತಿಳಿದಿದೆ. ಒಂದು ಸರ್ವೆ ನಂಬರಿನ ಒಟ್ಟು ವಿಸ್ತೀರ್ಣ 4 ಎಕರೆ 10 ಗುಂಟೆ ಎಂದುಕೊಳ್ಳಿ. ಅದರಲ್ಲಿ ಮೂವರ ಪಾಲು ಹೀಗಿದೆ:

ಭೀಮಪ್ಪ: 1 ಎಕರೆ 20 ಗುಂಟೆ
ಕಮಲ: 1 ಎಕರೆ 15 ಗುಂಟೆ
ಯಲ್ಲಪ್ಪ: 1 ಎಕರೆ 15 ಗುಂಟೆ

ಕೂಡಿಸಿದರೆ 3 ಎಕರೆ 50 ಗುಂಟೆ, ಅಂದರೆ 4 ಎಕರೆ 10 ಗುಂಟೆ. ಲೆಕ್ಕ ಸರಿ.

ಈಗ ಕಮಲ ಅವರ 15 ಗುಂಟೆಯನ್ನು ಯಾರೋ ತಪ್ಪಾಗಿ 51 ಎಂದು ಒತ್ತಿದರು ಎನ್ನೋಣ. ಗುಂಟೆಯ ಜಾಗದಲ್ಲಿ 40 ಅಥವಾ ಅದಕ್ಕಿಂತ ದೊಡ್ಡ ಸಂಖ್ಯೆ ಬರಬಾರದು ಎಂದು ಮೊದಲೇ ಸೂಚನೆ ಕೊಟ್ಟಿದ್ದರೆ ಕಂಪ್ಯೂಟರ್ ಒಡನೆಯೇ ಎಚ್ಚರಿಸುತ್ತದೆ. ಭೀಮಪ್ಪನವರ 20 ಗುಂಟೆಯನ್ನು 02 ಎಂದು ಒತ್ತಿದರೆ? ಆಗ ಮೊತ್ತ 3 ಎಕರೆ 32 ಗುಂಟೆ ಆಗುತ್ತದೆ. ಒಟ್ಟು ವಿಸ್ತೀರ್ಣಕ್ಕೆ ಹೊಂದುವುದಿಲ್ಲ. ಈ ತಪ್ಪನ್ನೂ ಕಂಪ್ಯೂಟರ್ ಹಿಡಿಯಬಲ್ಲದು.

ಇನ್ನು ಮೂರನೆಯ ತಪ್ಪು. ಭೀಮಪ್ಪನವರ 20 ಗುಂಟೆ ಕಮಲ ಅವರಿಗೂ, ಕಮಲ ಅವರ 15 ಗುಂಟೆ ಭೀಮಪ್ಪನವರಿಗೂ ಅದಲುಬದಲಾಗಿದೆ. ಕೂಡಿಸಿ ನೋಡಿ. ಮೊತ್ತ ಮತ್ತೆ 4 ಎಕರೆ 10 ಗುಂಟೆ! ಕಂಪ್ಯೂಟರಿನ ಲೆಕ್ಕಕ್ಕೆ ಎಲ್ಲವೂ ಸರಿ. ಆದರೆ ಭೀಮಪ್ಪನವರ 5 ಗುಂಟೆ ಕಾಗದದ ಮೇಲೆ ಕೈತಪ್ಪಿದೆ. ಈ ತಪ್ಪನ್ನು ಹಿಡಿಯಬಲ್ಲವರು ಆ ಹೊಲವನ್ನು ಬಲ್ಲವರು ಮಾತ್ರ.

ಹೆಸರೂ ಒಂದು ಸಂಖ್ಯೆಯೇ

ಕಂಪ್ಯೂಟರಿಗೆ ಅಕ್ಷರ ತಿಳಿಯದು, ಅಂಕಿ ಮಾತ್ರ ತಿಳಿಯುತ್ತದೆ. ಆದ್ದರಿಂದ ಜಗತ್ತಿನ ಭಾಷೆಗಳ ಅಕ್ಷರಗಳಿಗೆಲ್ಲ ಒಂದೊಂದು ಸಂಖ್ಯೆ ಕೊಡಲಾಗಿದೆ. ಈ ಪಟ್ಟಿಗೆ ಯೂನಿಕೋಡ್ ಎಂದು ಹೆಸರು. ಇದರಲ್ಲಿ 'ಕ' ಅಕ್ಷರಕ್ಕೆ 3221, 'ಮ' ಅಕ್ಷರಕ್ಕೆ 3246, 'ಲ' ಅಕ್ಷರಕ್ಕೆ 3250. ಹೀಗಾಗಿ 'ಕಮಲ' ಎಂದರೆ ಕಂಪ್ಯೂಟರಿಗೆ 3221, 3246, 3250.

'ಕಮಲಾ' ಎಂದು ದೀರ್ಘ ಕೊಟ್ಟರೆ ಏನಾಗುತ್ತದೆ? ದೀರ್ಘದ ಗುರುತಿಗೆ 3262 ಎಂಬ ಇನ್ನೊಂದು ಸಂಖ್ಯೆ ಸೇರುತ್ತದೆ. ಊರಿನವರಿಗೆ ಕಮಲ, ಕಮಲಾ, ಕಮಲಮ್ಮ ಎಲ್ಲರೂ ಒಬ್ಬರೇ. ಕಂಪ್ಯೂಟರಿಗೆ ಇವು ಮೂರು ಬೇರೆ ಬೇರೆ ಸಂಖ್ಯಾಮಾಲೆಗಳು. ಪಹಣಿಯಲ್ಲಿ ಒಂದು ರೀತಿ, ಆಧಾರ್ ಕಾರ್ಡಿನಲ್ಲಿ ಒಂದು ರೀತಿ, ಬ್ಯಾಂಕ್ ಪಾಸ್‌ಬುಕ್ಕಿನಲ್ಲಿ ಮತ್ತೊಂದು ರೀತಿ ಹೆಸರಿದ್ದರೆ ತೊಂದರೆ ಬರುವುದು ಇದರಿಂದಲೇ.

ಬೆರಳಚ್ಚು ಮತ್ತು ಸರದಿ

ದಾಖಲೆಯನ್ನು ಯಾರು ಬೇಕಾದರೂ ತಿದ್ದುವಂತಿದ್ದರೆ ಅಪಾಯವಲ್ಲವೇ? ಅದಕ್ಕಾಗಿ ಭೂಮಿ ಯೋಜನೆಯಲ್ಲಿ, ಬದಲಾವಣೆ ಮಾಡುವ ಸಿಬ್ಬಂದಿ ಮೊದಲು ಬೆರಳಚ್ಚು ಕೊಡುವ ವ್ಯವಸ್ಥೆ ಮಾಡಲಾಯಿತು. ಯಾರು ಬದಲಾಯಿಸಿದರು ಎಂಬುದು ಇದರಿಂದ ದಾಖಲಾಗುತ್ತದೆ.

ಬೆರಳ ಗೆರೆಗಳು ನಾವು ತಾಯಿಯ ಹೊಟ್ಟೆಯಲ್ಲಿರುವಾಗಲೇ ಮೂಡುತ್ತವೆ. ನೋಡಲು ಒಂದೇ ರೀತಿ ಇರುವ ಅವಳಿಗಳ ಬೆರಳಚ್ಚು ಕೂಡ ಬೇರೆ ಬೇರೆ. ಗೆರೆ ಎಲ್ಲಿ ಮುಗಿಯುತ್ತದೆ, ಎಲ್ಲಿ ಕವಲೊಡೆಯುತ್ತದೆ ಎಂಬ ಬಿಂದುಗಳನ್ನು ಯಂತ್ರ ಗುರುತಿಸಿ ಹೋಲಿಸುತ್ತದೆ. ಆದರೆ ಮಣ್ಣು, ಕಲ್ಲು, ಸಿಮೆಂಟಿನಲ್ಲಿ ದುಡಿದವರ ಮತ್ತು ವಯಸ್ಸಾದವರ ಬೆರಳ ಗೆರೆಗಳು ಸವೆದಿರುತ್ತವೆ. ನ್ಯಾಯಬೆಲೆ ಅಂಗಡಿಯ ಯಂತ್ರ ಅಜ್ಜಿಯ ಬೆರಳನ್ನು ಓದದಿದ್ದರೆ ಅದು ಯಂತ್ರದ ಮಿತಿ. ಅಜ್ಜಿಯ ಹಕ್ಕು ಅಲ್ಲಿಗೇ ಮುಗಿಯಲಿಲ್ಲ. ಬೇರೆ ರೀತಿಯಲ್ಲಿ ಗುರುತು ಪರೀಕ್ಷಿಸಿ ಎಂದು ಕೇಳಬೇಕು.

ಇನ್ನು ಸರದಿ. ಮನೆಯ ಯಜಮಾನರು ತೀರಿಕೊಂಡಾಗ ಜಮೀನು ವಾರಸುದಾರರ ಹೆಸರಿಗೆ ಆಗಬೇಕು. ಇದಕ್ಕೆ ಪೌತಿ ಖಾತೆ ಎನ್ನುತ್ತಾರೆ. ಇಂತಹ ಅರ್ಜಿಗಳನ್ನು ಭೂಮಿ ವ್ಯವಸ್ಥೆಯಲ್ಲಿ ಬಂದ ಕ್ರಮದಲ್ಲೇ ತೆಗೆದುಕೊಳ್ಳಬೇಕೆಂಬ ನಿಯಮ ಮಾಡಲಾಯಿತು. ನೀರಿನ ಟ್ಯಾಂಕರಿನ ಮುಂದೆ ಕೊಡಗಳನ್ನು ಸಾಲಾಗಿ ಇಟ್ಟಂತೆ, ಮೊದಲು ಬಂದವರಿಗೆ ಮೊದಲ ಸರದಿ. ಶ್ರೀಮಂತರ ಅರ್ಜಿ ಎಂದು ಹಿಂದಿನದನ್ನು ಮುಂದೆ ತರುವಂತಿಲ್ಲ.

ನಾಗರಿಕರ ಪಾಲು

ಈಗ ದಾಖಲೆ ತುಂಬುವ ಕೆಲಸದಲ್ಲೂ ಜನ ಸೇರುತ್ತಿದ್ದಾರೆ. 2020ರ ಮುಂಗಾರಿನಿಂದ ಕರ್ನಾಟಕದ ರೈತರು ತಮ್ಮ ಬೆಳೆಯ ಚಿತ್ರವನ್ನು ತಾವೇ ತೆಗೆದು ಬೆಳೆ ಸಮೀಕ್ಷೆಯ ಆ್ಯಪ್ ಮೂಲಕ ಕಳುಹಿಸುವ ಅವಕಾಶ ಬಂದಿತು. ಫೋನು ಉಪಗ್ರಹಗಳ ಸಂಕೇತದಿಂದ ತಾನು ಯಾವ ಹೊಲದಲ್ಲಿದೆ ಎಂದು ಕಂಡುಕೊಳ್ಳುತ್ತದೆ. ತೊಗರಿ ಬಿತ್ತಿದವರ ಪಹಣಿಯಲ್ಲಿ ಹತ್ತಿ ಎಂದು ನಮೂದಾದರೆ ತೊಗರಿಯ ವಿಮೆ ಸಿಗುವುದು ಕಷ್ಟ. ಇದು ಎಷ್ಟು ಮುಖ್ಯ ಎಂದು ನೀವೇ ಯೋಚಿಸಿ.

ತಪ್ಪು ಕಂಡರೆ ತಾಲ್ಲೂಕು ಕಚೇರಿಗೆ ತಿದ್ದುಪಡಿ ಅರ್ಜಿ ಕೊಡಬೇಕು. ಸ್ವೀಕೃತಿ ಚೀಟಿಯನ್ನು ಮರೆಯದೆ ಪಡೆಯಬೇಕು. 2011ರ ಕಾಯ್ದೆಯಂತೆ 2012ರಲ್ಲಿ ಜಾರಿಗೆ ಬಂದ 'ಸಕಾಲ'ದ ಸೇವೆಯಾದರೆ ಅರ್ಜಿಗೆ 15 ಅಂಕಿಗಳ ಸಂಖ್ಯೆ ಸಿಗುತ್ತದೆ. ಅದರಿಂದ ಅರ್ಜಿ ಎಲ್ಲಿದೆ ಎಂದು ತಿಳಿಯಬಹುದು. 2005ರ ಮಾಹಿತಿ ಹಕ್ಕು ಕಾಯ್ದೆಯಂತೆ ಕಡತದ ಮಾಹಿತಿ ಕೇಳಿದರೆ ಸಾಮಾನ್ಯವಾಗಿ 30 ದಿನಗಳೊಳಗೆ ಉತ್ತರ ಕೊಡಬೇಕು. ಗ್ರಾಮಸಭೆಯಲ್ಲಿ ಎದ್ದು ನಿಂತು ಕೇಳುವ ಹಕ್ಕಂತೂ ಇದ್ದೇ ಇದೆ. ಕಂಪ್ಯೂಟರ್ ಬಂದ ಮಾತ್ರಕ್ಕೆ ಅದನ್ನು ಬಿಟ್ಟುಕೊಡಬೇಕಾಗಿಲ್ಲ.

ಮಕ್ಕಳೇ, ಬರೆದದ್ದನ್ನು ಕಂಪ್ಯೂಟರ್ ಮರೆಯದೆ ಇಟ್ಟುಕೊಳ್ಳುತ್ತದೆ. ಸರಿಯನ್ನೂ ಇಟ್ಟುಕೊಳ್ಳುತ್ತದೆ, ತಪ್ಪನ್ನೂ ಇಟ್ಟುಕೊಳ್ಳುತ್ತದೆ. ಅದು ನಿಜವೇ ಎಂದು ಓದಿ ನೋಡುವ ಕೆಲಸ ಮಾತ್ರ ನಮ್ಮದು. ಮನೆಯಲ್ಲಿ ಓದು ಬಾರದ ಹಿರಿಯರಿದ್ದರೆ ಆ ಕೆಲಸ ನಿಮ್ಮದೇ.

ನೀವೇ ಮಾಡಿ ನೋಡಿ

1. ಮನೆಯವರ ಅನುಮತಿ ಪಡೆದು ಪಹಣಿಯ ಝೆರಾಕ್ಸ್ ಪ್ರತಿಯೊಂದನ್ನು ಓದಿ. ಜಮೀನಿಲ್ಲದವರು ಪಡಿತರ ಚೀಟಿಯನ್ನು ಓದಿ. ಹೆಸರು, ವಿಸ್ತೀರ್ಣ, ಬೆಳೆ ಅಥವಾ ಸದಸ್ಯರ ಸಂಖ್ಯೆ ಸರಿಯಾಗಿದೆಯೇ ಎಂದು ಮನೆಯವರನ್ನು ಕೇಳಿ. ಆಧಾರ್ ಸಂಖ್ಯೆಯನ್ನಾಗಲಿ, ಫೋನಿಗೆ ಬರುವ ಓ.ಟಿ.ಪಿ.ಯನ್ನಾಗಲಿ ಯಾರಿಗೂ ಹೇಳಬೇಡಿ.

2. ಪೆನ್ಸಿಲಿನ ಪುಡಿಯನ್ನು ಬೆರಳಿಗೆ ಸವರಿ, ಪಾರದರ್ಶಕ ಟೇಪಿನ ಮೇಲೆ ಒತ್ತಿ, ಬಿಳಿ ಹಾಳೆಗೆ ಅಂಟಿಸಿ. ಸುಳಿ, ಕುಣಿಕೆ, ಕಮಾನು ಎಂಬ ಮೂರು ಮಾದರಿಗಳಲ್ಲಿ ನಿಮ್ಮದು ಯಾವುದು?

ಯೋಚಿಸಿ ಉತ್ತರಿಸಿ

1. ಒಟ್ಟು ವಿಸ್ತೀರ್ಣ 3 ಎಕರೆ 5 ಗುಂಟೆ. ಒಬ್ಬರ ಪಾಲು 1 ಎಕರೆ 30 ಗುಂಟೆ. ಇನ್ನೊಬ್ಬರ ಪಾಲು ಎಷ್ಟು?

2. ಮೊತ್ತ ಸರಿಯಿದ್ದೂ ದಾಖಲೆ ತಪ್ಪಾಗಿರುವ ಇನ್ನೊಂದು ಉದಾಹರಣೆಯನ್ನು ನೀವೇ ರಚಿಸಿ.