ರೊಟ್ಟಿ ಬುಟ್ಟಿಗೆ ರಸೀದಿ ಎಲ್ಲಿಂದ ತರೋದು?

ಬನಶಂಕರಿ ಗುಡಿಗೆ ಬಂದವರಿಗೆ ಬುಟ್ಟಿ ಹೊತ್ತ ನಮ್ಮ ಊರ ಹೆಣ್ಣುಮಕ್ಕಳು ಗೊತ್ತು. ಜೋಳದ ರೊಟ್ಟಿ, ಝುಣಕ, ಕೆಂಪು ಚಟ್ನಿ, ಗಟ್ಟಿ ಮೊಸರು ತಂದು, ಕೂತಲ್ಲೇ ಬಡಿಸುತ್ತಾರೆ. ನಮ್ಮವ್ವನೂ ಅವರಲ್ಲೊಬ್ಬಳು. ಚೊಳಚಗುಡ್ಡದಿಂದ ಗುಡಿಯ ಕಡೆ ನಡೆದು ಹೊರಟಾಗ ಬೈಕೊಂದು ಹಿಂದಿನಿಂದ ಗುದ್ದಿ, ಮೊಣಕಾಲ ಕೆಳಗಿನ ಎಲುಬು ಮುರಿಯಿತು. ಪ್ಲೇಟು, ಸ್ಕ್ರೂ ಹಾಕಿದರು. ಆಮೇಲೆ ಅವಳ ಪರಿಹಾರದ ಅರ್ಜಿ ಹಿಡಿದು ಬಾದಾಮಿಯ ಕೋರ್ಟಿಗೆ ಅಡ್ಡಾಡಿದವನು ನಾನು.

ಬೈಕಿನವನ ಕಡೆಯ ಹಿರಿಯರು ದವಾಖಾನಿಗೇ ಬಂದಿದ್ದರು. ‘ಕೇಸ್ ಯಾಕ ತಮ್ಮಾ, ಬಿಲ್ ನಾವ ಕಟ್ತೀವಿ’ ಅಂದರು. ಒಳ್ಳೆಯವರೇ. ಆದರೆ ಮೂರನೆಯವರಿಗಾಗುವ ಹಾನಿಗೆಂದೇ ವಾಹನಕ್ಕೆ ವಿಮೆ ಕಡ್ಡಾಯ. ವಿಮೆ ಚಾಲ್ತಿಯಲ್ಲಿದ್ದರೆ ದುಡ್ಡು ಕೊಡುವುದು ಕಂಪನಿ. ಇದನ್ನು ತಿಳಿಸಿ ಹೇಳಿದ ಮೇಲೆ ಅವರೇ ಪಾಲಿಸಿಯ ಝೆರಾಕ್ಸ್ ತಂದುಕೊಟ್ಟರು.

ತೊಡಕು ಬಂದದ್ದು ಬೇರೆ ಕಡೆಯಿಂದ. ದವಾಖಾನಿಯ ಮೊದಲ ಚೀಟಿಯಲ್ಲಿ ‘ಬಿದ್ದು ಗಾಯ’ ಎಂದಿತ್ತು. ಆಟೋದಲ್ಲಿ ಕರೆತಂದವರು ಗಾಬರಿಯಲ್ಲಿ ಏನು ಹೇಳಿದರೋ, ಬರೆದವರು ಏನು ಕೇಳಿಸಿಕೊಂಡರೋ. ಕಂಪನಿಯ ವಕೀಲರು ಆ ಎರಡು ಪದಗಳನ್ನೇ ಹಿಡಿದು ಎಳೆದಾಡಿದರು. ಎಫ್‌ಐಆರ್ ತಡವಾಗಿರಲಿಲ್ಲ, ಸ್ಥಳ ಪಂಚನಾಮೆ ಸರಿಯಾಗಿತ್ತು, ಕಣ್ಣಾರೆ ಕಂಡವರು ಸಾಕ್ಷಿ ಹೇಳಿದರು, ಹಾಗಾಗಿ ಪಾರಾದೆವು. ಗಾಯಾಳುವನ್ನು ಒಳಗೆ ಒಯ್ದವರು ಆ ಗಳಿಗೆಯಲ್ಲೇ ‘ರಸ್ತೆ ಅಪಘಾತ, ಇಂಥ ವಾಹನ’ ಎಂದು ಬರೆಸಿ, ಎಂಎಲ್‌ಸಿ (ವೈದ್ಯಕೀಯ-ಕಾನೂನು ಪ್ರಕರಣದ ದಾಖಲೆ) ಮಾಡಿಸಬೇಕು. ಆಮೇಲೆ ತಿದ್ದಿಸಹೋದರೆ ತಿದ್ದಿದ್ದೇ ಅನುಮಾನಕ್ಕೆ ದಾರಿಯಾಗುತ್ತದೆ.

ಪಾಟೀ ಸವಾಲಿನ ದಿನ ವಕೀಲರು ಕೇಳಿದರು: ‘ಯಮ್ಮಾ, ನೀವು ರೊಟ್ಟಿ ಮಾರತೀರಿ ಅನ್ನೂದಕ್ಕ ದಾಖಲೆ ಏನದ?’

ಅವ್ವ ಸೆರಗು ಸರಿಮಾಡಿಕೊಂಡು, ‘ಉಂಡವರನ್ನ ಕೇಳ್ರಿ’ ಅಂದಳು. ಕೇಳಿದ ವಕೀಲರೂ ನಕ್ಕರು.

ನಕ್ಕರೂ ಪ್ರಶ್ನೆ ಪ್ರಶ್ನೆಯೇ. ರೊಟ್ಟಿ ಬುಟ್ಟಿಗೆ ರಸೀದಿ ಇರುವುದಿಲ್ಲ. ಇಲ್ಲಿ ನಮಗೆ ಆಸರೆಯಾದದ್ದು ನಮ್ಮ ರಾಜ್ಯದ್ದೇ ಒಂದು ಪ್ರಕರಣ: ಕಾಲು ಕಳೆದುಕೊಂಡ ತರಕಾರಿ ವ್ಯಾಪಾರಿಯೊಬ್ಬನ ಮೇಲ್ಮನವಿಯಲ್ಲಿ ಸುಪ್ರೀಂ ಕೋರ್ಟ್, ಇಂಥ ದುಡಿಮೆಯವರಿಂದ ಆದಾಯದ ಕಾಗದ ನಿರೀಕ್ಷಿಸುವಂತಿಲ್ಲ ಎಂದು ಹೇಳಿ, ದಾಖಲೆಯಿಲ್ಲದೆಯೇ ತಿಂಗಳಿಗೆ 6,500 ರೂಪಾಯಿ ಹಿಡಿದಿತ್ತು. ಅದರ ಜೊತೆಗೆ ಅವ್ವನ ಸ್ವಸಹಾಯ ಸಂಘದ ಪಾಸ್‌ಬುಕ್ ಇಟ್ಟೆವು. ವಾರವಾರ ಕಟ್ಟಿದ ಕಂತು ಅದರಲ್ಲಿತ್ತು; ದುಡಿಯದವಳು ಕಂತು ಎಲ್ಲಿಂದ ಕಟ್ಟಿಯಾಳು? ಹಿಟ್ಟಿನ ಗಿರಣಿಯವರೂ ಬಂದು ಸಾಕ್ಷಿ ಹೇಳಿದರು.

ಹೆಚ್ಚಿನ ಜಗ್ಗಾಟ ನಡೆದದ್ದು ಶೇಕಡಾವಾರಿನ ಮೇಲೆ. ಡಾಕ್ಟರು ಕಾಲಿಗೆ 30% ಊನ ಎಂದು ಬರೆದರೆ, ಇಡೀ ದೇಹಕ್ಕೆ ಅದರ ಮೂರನೇ ಒಂದು ಭಾಗ, ಅಂದರೆ 10% ಎಂದು ಹಿಡಿಯುವುದು ರೂಢಿ. ಆದರೆ ಕೊಡಬೇಕಾದದ್ದು ಎಲುಬಿನ ಲೆಕ್ಕವಲ್ಲ, ದುಡಿಮೆಯ ಲೆಕ್ಕ. ರಾಜ್‌ಕುಮಾರ್ ವಿರುದ್ಧ ಅಜಯ್‌ಕುಮಾರ್ ಪ್ರಕರಣದಲ್ಲಿ 2010ರಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಬಿಡಿಸಿ ಹೇಳಿದೆ. ಕುರ್ಚಿಯಲ್ಲಿ ಕೂತು ಕೆಲಸ ಮಾಡುವವನಿಗೆ ಬಾಗದ ಮೊಣಕಾಲು ಒಂದು ತೊಂದರೆ; ಒಲೆಯ ಮುಂದೆ ಕೂತು ರೊಟ್ಟಿ ಬಡಿದು, ತಲೆಯ ಮೇಲೆ ಬುಟ್ಟಿ ಹೊರುವವಳಿಗೆ ಅದೇ ಜೀವನ. ಅಂತರ ನೋಡಿ: ತಿಂಗಳ ಆದಾಯ 10,000, ವಯಸ್ಸು 51ರಿಂದ 55ರೊಳಗೆ ಎನ್ನಿ. 2009ರ ಸರಳಾ ವರ್ಮಾ ತೀರ್ಪಿನ ಪಟ್ಟಿಯಂತೆ ವರ್ಷದ ಆದಾಯವನ್ನು ಗುಣಿಸುವ ಗುಣಕ 11. 10% ಆದರೆ 1,32,000 ರೂಪಾಯಿ, 30% ಆದರೆ 3,96,000. ನಮಗೆ ಈ ಎರಡರ ನಡುವಿನದೊಂದು ಸಿಕ್ಕಿತು. ಡಾಕ್ಟರನ್ನು ಸಾಕ್ಷಿಗೆ ಕರೆಸಿ, ‘ಈಕೆ ನೆಲಕ್ಕೆ ಕೂತು ಏಳಬಲ್ಲಳೇ?’ ಎಂದು ಕೇಳಿಸಿದ್ದಕ್ಕೇ ಅಷ್ಟಾದರೂ ಆಯಿತು. ಬರೀ ಸರ್ಟಿಫಿಕೇಟು ಬಾಯಿ ಬಿಡುವುದಿಲ್ಲ.

ಬಿಲ್ಲು, ಓಡಾಟದ ಖರ್ಚು, ನೋವಿನ ಬಾಬ್ತು ಇವೆಲ್ಲ ಬೇರೆ. ಅವಕ್ಕೆ ಬಿಲ್ಲು, ಔಷಧಿ ಚೀಟಿಗಳನ್ನು ಕೂಡಿಡಿ.

ಇನ್ನೊಂದು ಮಾತು ಬನದ ಹುಣ್ಣಿಮೆಯ ಜಾತ್ರೆಗೆ ಬರುವವರಿಗೆ. ಟ್ರ್ಯಾಕ್ಟರ್ ಟ್ರೈಲರಿನಲ್ಲಿ ಓಣಿಗಟ್ಟಲೆ ಮಂದಿ ಕೂತು ಬರುತ್ತಾರೆ. ಸರಕಿನ ವಾಹನದಲ್ಲಿ ಸುಮ್ಮನೆ ಹತ್ತಿ ಬಂದವರ ಹೊಣೆ ವಿಮಾ ಕಂಪನಿಯದಲ್ಲ ಎಂದು ಆಶಾ ರಾಣಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2002ರಲ್ಲೇ ಹೇಳಿದೆ. ಟ್ರೈಲರ್ ಮಗುಚಿದರೆ ಕೇಸು ಹಾಕಬೇಕಾದದ್ದು ನಿಮ್ಮನ್ನು ಪ್ರೀತಿಯಿಂದ ಹತ್ತಿಸಿಕೊಂಡು ಬಂದ ನಿಮ್ಮ ಕಾಕಾನ ಮೇಲೆಯೇ. ಬಸ್ಸಿಗೆ ಬರ್ರಿ.

ಅರ್ಜಿಯನ್ನು ಅಪಘಾತವಾದ ಊರಿನಲ್ಲೇ ಹಾಕಬೇಕೆಂದಿಲ್ಲ, ನೀವು ಇರುವ ಕಡೆಯೂ ಹಾಕಬಹುದು. 2022ರ ಏಪ್ರಿಲ್ 1ರಿಂದ ಅದಕ್ಕೆ ಆರು ತಿಂಗಳ ಗಡುವಿದೆ. ಆ ಗಡುವು ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನೆಯಾಗಿದೆ, ಆದರೂ ಗಡುವು ಹೋದೀತೆಂದು ನಂಬಿ ಕೂರಬೇಡಿ. ವಕೀಲರ ಫೀಸಿಗೆ ಹೆದರುವ ಹೆಣ್ಣುಮಕ್ಕಳಿಗೆ ತಾಲ್ಲೂಕು ಕಾನೂನು ಸೇವಾ ಸಮಿತಿಯಿಂದ ವಕೀಲರು ಪುಕ್ಕಟೆ ಸಿಗುತ್ತಾರೆ, ಆದಾಯ ಎಷ್ಟೇ ಇರಲಿ.