ವೃತ್ತಿ ತೆರಿಗೆ: ಯಾರು ಕೊಡಬೇಕು, ಯಾರು ಕೊಡಬೇಕಾಗಿಲ್ಲ – ಗ್ರಾಮ ಪಂಚಾಯತಿ ಸದಸ್ಯರಿಗಾಗಿ ಅಧ್ಯಯನ ಪಾಠ

ಶಹಾಬಾದ, ಚಿತ್ತಾಪುರ, ವಾಡಿ, ಸೇಡಂ ಮತ್ತು ಚಿಂಚೋಳಿ ಭಾಗದ ಗ್ರಾಮಗಳಲ್ಲಿ ಬೇಸಾಯವನ್ನೇ ನಂಬಿದ ಕುಟುಂಬಗಳ ಜೊತೆಯಲ್ಲಿ ತಿಂಗಳ ಸಂಬಳ ನಂಬಿದ ಕುಟುಂಬಗಳೂ ಇವೆ. ಫರಸಿ ಕಲ್ಲಿನ ಗಣಿ, ಪಾಲಿಶ್ ಘಟಕ, ಸಿಮೆಂಟ್ ಕಾರ್ಖಾನೆ, ಲಾರಿ ಸಾಗಣೆ, ಖಾಸಗಿ ಶಾಲೆ, ಸಹಕಾರ ಸಂಘ, ಹೀಗೆ ದುಡಿಮೆಯ ಸ್ಥಳಗಳು ಹಲವು. ಇಂತಹ ದುಡಿಮೆಗಾರರ ಸಂಬಳ ಚೀಟಿಯಲ್ಲಿ ‘ಪಿ.ಟಿ. 200’ ಎಂಬ ಕಡಿತ ಕಂಡುಬರುವುದುಂಟು. ಅದು ಯಾರ ತೆರಿಗೆ, ಯಾವ ಲೆಕ್ಕದಲ್ಲಿ ಕಡಿತವಾಯಿತು, ಎಲ್ಲಿಗೆ ಸಂದಾಯವಾಯಿತು ಎಂಬ ಪ್ರಶ್ನೆಯನ್ನು ಗ್ರಾಮಸ್ಥರು ಮೊದಲು ಕೇಳುವುದು ತಮ್ಮ ವಾರ್ಡಿನ ಸದಸ್ಯರನ್ನೇ. ಆ ಪ್ರಶ್ನೆಗೆ ಸದಸ್ಯರು ಖಚಿತವಾಗಿ ಉತ್ತರಿಸಲು ಶಕ್ತರಾಗಬೇಕೆಂಬುದು ಈ ಪಾಠದ ಉದ್ದೇಶವಾಗಿದೆ.

1. ರಾಜ್ಯಕ್ಕೆ ಆದಾಯ ತೆರಿಗೆ ಉಂಟೆ?

ಅಮೆರಿಕ ಸಂಯುಕ್ತ ಸಂಸ್ಥಾನದ ಬಹುತೇಕ ರಾಜ್ಯಗಳಲ್ಲಿ ಒಬ್ಬನೇ ವ್ಯಕ್ತಿ ಕೇಂದ್ರಕ್ಕೆ ಒಂದು, ರಾಜ್ಯಕ್ಕೆ ಒಂದು ಎಂದು ಎರಡು ಆದಾಯ ತೆರಿಗೆಗಳನ್ನು ಕೊಡುತ್ತಾನೆ. ಎರಡಕ್ಕೂ ಪ್ರತ್ಯೇಕ ವಿವರ ಸಲ್ಲಿಸುತ್ತಾನೆ. ಭಾರತದಲ್ಲಿ ಆ ಪದ್ಧತಿ ಇಲ್ಲ. ಸಂವಿಧಾನದ ಏಳನೆಯ ಅನುಸೂಚಿಯಂತೆ ಕೃಷಿಯೇತರ ಆದಾಯದ ಮೇಲೆ ತೆರಿಗೆ ವಿಧಿಸುವ ಅಧಿಕಾರ ಕೇಂದ್ರದ್ದು (ಕೇಂದ್ರ ಪಟ್ಟಿ, ನಮೂದು 82). ಕೃಷಿ ಆದಾಯದ ಮೇಲಿನ ತೆರಿಗೆ ರಾಜ್ಯ ಪಟ್ಟಿಗೆ ಸೇರಿದೆ (ನಮೂದು 46). ಆದುದರಿಂದ ತೊಗರಿ ಬೆಳೆದು ಮಾರಿದ ರೈತನ ಆ ಆದಾಯವು ಕೇಂದ್ರದ ಆದಾಯ ತೆರಿಗೆಗೆ ಒಳಪಡುವುದಿಲ್ಲ.

ಆದರೂ ಗಳಿಕೆಗೆ ಸಂಬಂಧಿಸಿದ ಒಂದು ತೆರಿಗೆಯನ್ನು ಸಂವಿಧಾನವು ರಾಜ್ಯಗಳಿಗೆ ಬಿಟ್ಟುಕೊಟ್ಟಿದೆ. ವೃತ್ತಿ, ವ್ಯಾಪಾರ, ಆಜೀವಿಕೆ ಮತ್ತು ಉದ್ಯೋಗಗಳ ಮೇಲಿನ ಈ ತೆರಿಗೆಯು ರಾಜ್ಯ ಪಟ್ಟಿಯ ನಮೂದು 60ರಲ್ಲಿದೆ. ಇದು ಆದಾಯಕ್ಕೆ ಸಂಬಂಧಿಸಿದ ತೆರಿಗೆ ಎಂಬ ಕಾರಣಕ್ಕೆ ರಾಜ್ಯದ ಕಾನೂನು ಅಸಿಂಧುವಾಗುವುದಿಲ್ಲವೆಂದು 276ನೆಯ ಅನುಚ್ಛೇದವು ಸ್ಪಷ್ಟಪಡಿಸುತ್ತದೆ. ಅದೇ ಅನುಚ್ಛೇದವು ಒಂದು ಮಿತಿಯನ್ನೂ ಹಾಕಿದೆ. ಒಬ್ಬ ವ್ಯಕ್ತಿಯಿಂದ ವರ್ಷಕ್ಕೆ ರೂ. 2,500ಕ್ಕಿಂತ ಹೆಚ್ಚು ಪಡೆಯುವಂತಿಲ್ಲ. ಮೊದಲು ರೂ. 250 ಇದ್ದ ಈ ಮಿತಿಯನ್ನು 1988ರ ಅರವತ್ತನೆಯ ತಿದ್ದುಪಡಿಯು ರೂ. 2,500ಕ್ಕೆ ಏರಿಸಿತು.

ಕರ್ನಾಟಕದಲ್ಲಿ ಇದಕ್ಕಾಗಿ ಇರುವ ಕಾನೂನು, ಕರ್ನಾಟಕ ವೃತ್ತಿಗಳು, ವ್ಯಾಪಾರಗಳು, ಆಜೀವಿಕೆಗಳು ಮತ್ತು ಉದ್ಯೋಗಗಳ ಮೇಲಿನ ತೆರಿಗೆ ಅಧಿನಿಯಮ, 1976.

2. ಪಂಚಾಯತಿ ತೆರಿಗೆ ಬೇರೆ, ವೃತ್ತಿ ತೆರಿಗೆ ಬೇರೆ

ಕರ್ನಾಟಕ ಗ್ರಾಮ ಸ್ವರಾಜ್ ಮತ್ತು ಪಂಚಾಯತ್ ರಾಜ್ ಅಧಿನಿಯಮ, 1993ರ ಪ್ರಕರಣ 199ರಡಿ ಗ್ರಾಮ ಪಂಚಾಯತಿಯು ತನ್ನ ವ್ಯಾಪ್ತಿಯ ಕಟ್ಟಡಗಳ ಮೇಲೆ ಹಾಗೂ ಕೃಷಿ ಕಂದಾಯಕ್ಕೆ ಒಳಪಡದ ಜಮೀನುಗಳ ಮೇಲೆ ತೆರಿಗೆ ವಿಧಿಸುತ್ತದೆ. ಆ ಹಣ ಪಂಚಾಯತಿಯ ಸ್ವಂತ ಸಂಪನ್ಮೂಲ. ವೃತ್ತಿ ತೆರಿಗೆಯು ವಾಣಿಜ್ಯ ತೆರಿಗೆಗಳ ಇಲಾಖೆಯ ಮೂಲಕ ರಾಜ್ಯ ಸರ್ಕಾರಕ್ಕೆ ಸಲ್ಲುತ್ತದೆ.

ಈ ವ್ಯತ್ಯಾಸ ಎಲ್ಲ ರಾಜ್ಯಗಳಲ್ಲಿ ಒಂದೇ ರೀತಿ ಇಲ್ಲ. ಕೇರಳ ಮತ್ತು ತಮಿಳುನಾಡಿನಲ್ಲಿ ವೃತ್ತಿ ತೆರಿಗೆಯನ್ನು ಸ್ಥಳೀಯ ಸಂಸ್ಥೆಗಳೇ ವಸೂಲು ಮಾಡುತ್ತವೆ. ಅಲ್ಲಿ ದುಡಿದು ಬಂದವರು ಇಲ್ಲಿಯೂ ಪಂಚಾಯತಿಯಲ್ಲೇ ಕಟ್ಟಬೇಕೆಂದು ಭಾವಿಸುವ ಸಂಭವವಿದೆ. ಕರ್ನಾಟಕದಲ್ಲಿ ಬಿಲ್ ಕಲೆಕ್ಟರರಾಗಲಿ, ಪಂಚಾಯತಿಯ ಬೇರೆ ಯಾವುದೇ ಸಿಬ್ಬಂದಿಯಾಗಲಿ ವೃತ್ತಿ ತೆರಿಗೆಯ ಹೆಸರಿನಲ್ಲಿ ಹಣ ಪಡೆಯಲು ಅಧಿಕಾರ ಹೊಂದಿಲ್ಲ. ಅಂಗಡಿಯವನು ಪಂಚಾಯತಿಗೆ ಕಟ್ಟಡ ತೆರಿಗೆ ಕಟ್ಟಿದ ರಸೀದಿಯು ವೃತ್ತಿ ತೆರಿಗೆಯ ರಸೀದಿ ಆಗುವುದೂ ಇಲ್ಲ.

3. ಯಾರಿಗೆ ಎಷ್ಟು?

ಸಂಬಳ ಅಥವಾ ಕೂಲಿ ಪಡೆಯುವವರು: ತಿಂಗಳ ಸಂಬಳ ರೂ. 25,000ಕ್ಕಿಂತ ಕಡಿಮೆ ಇದ್ದರೆ ವೃತ್ತಿ ತೆರಿಗೆ ಇಲ್ಲ. ರೂ. 25,000 ಮತ್ತು ಅದಕ್ಕೆ ಮೇಲ್ಪಟ್ಟು ಇದ್ದರೆ ತಿಂಗಳಿಗೆ ರೂ. 200, ಫೆಬ್ರವರಿ ತಿಂಗಳಿಗೆ ಮಾತ್ರ ರೂ. 300. ಹನ್ನೊಂದು ತಿಂಗಳಿಗೆ ರೂ. 2,200 ಮತ್ತು ಫೆಬ್ರವರಿಯ ರೂ. 300 ಸೇರಿ ವರ್ಷಕ್ಕೆ ರೂ. 2,500 ಆಗುತ್ತದೆ. ಫೆಬ್ರವರಿಯ ಹೆಚ್ಚುವರಿ ರೂ. 100 ಜಾರಿಗೆ ಬಂದುದು 2025ರ ಏಪ್ರಿಲ್ 1ರಿಂದ. ಸಂಬಳವೆಂದರೆ ಮೂಲ ವೇತನವಷ್ಟೇ ಅಲ್ಲ, ತುಟ್ಟಿಭತ್ಯೆ ಮೊದಲಾದ ಸಂಭಾವನೆಯೂ ಅದರಲ್ಲಿ ಸೇರುತ್ತದೆ.

ಸ್ವಂತ ವೃತ್ತಿಯವರು: ಅಧಿನಿಯಮದ ಅನುಸೂಚಿಯಲ್ಲಿ ವೈದ್ಯರು, ವಕೀಲರು, ಗುತ್ತಿಗೆದಾರರು, ಕಾರ್ಖಾನೆ ನಡೆಸುವವರು ಮೊದಲಾದ ವರ್ಗಗಳನ್ನು ಹೆಸರಿಸಲಾಗಿದೆ. ಯಾವ ವರ್ಗಕ್ಕೆ ಯಾವ ಷರತ್ತು ಎಂಬುದನ್ನು ಅನುಸೂಚಿಯಲ್ಲಿಯೇ ನೋಡಿಕೊಳ್ಳಬೇಕು. ಯಾವ ವರ್ಗವೇ ಆಗಲಿ, ಒಬ್ಬ ವ್ಯಕ್ತಿಯ ಮೇಲಿನ ಹೊರೆ ವರ್ಷಕ್ಕೆ ರೂ. 2,500ನ್ನು ಮೀರಲಾರದು.

ಇಲ್ಲಿ ಸದಸ್ಯರು ಮುಖ್ಯವಾಗಿ ಗಮನಿಸಬೇಕಾದ ಸಂಗತಿಯೊಂದಿದೆ. 2023ರ ಏಪ್ರಿಲ್ 1ಕ್ಕೆ ಮೊದಲು ವಿನಾಯಿತಿಯ ಮಿತಿ ರೂ. 15,000 ಆಗಿತ್ತು. ಆ ದಿನದಿಂದ ಅದು ರೂ. 25,000ಕ್ಕೆ ಏರಿತು. ಅಂದರೆ ತಿಂಗಳಿಗೆ ರೂ. 18,000 ಪಡೆಯುವ ಕಾರ್ಮಿಕನಿಂದ ಮೊದಲು ರೂ. 200 ಕಡಿತ ಮಾಡುವುದು ಕಾನೂನಿನಂತೆ ಸರಿಯಾಗಿತ್ತು, ಈಗ ಸರಿಯಲ್ಲ. ಹಳೆಯ ಪಟ್ಟಿಯನ್ನೇ ಮುಂದುವರಿಸಿ ಯಾರಾದರೂ ಆತನಿಂದ ಕಡಿತ ಮಾಡುತ್ತಿದ್ದರೆ ತಿಂಗಳಿಗೆ ರೂ. 200ರಂತೆ ವರ್ಷಕ್ಕೆ ರೂ. 2,400 ನಷ್ಟವಾಗುತ್ತದೆ. ಆತನ ದಿನದ ಗಳಿಕೆಯನ್ನು ರೂ. 600 ಎಂದು ಹಿಡಿದರೆ ಇದು ನಾಲ್ಕು ದಿನದ ದುಡಿಮೆ.

4. ಎರಡು ಪ್ರಮಾಣಪತ್ರಗಳು

ವೃತ್ತಿ ತೆರಿಗೆಯಲ್ಲಿ ಹೆಚ್ಚಿನ ಗೊಂದಲ ಹುಟ್ಟುವುದು ಈ ಹಂತದಲ್ಲಿ.

(ಅ) ನೋಂದಣಿ ಪ್ರಮಾಣಪತ್ರ: ಇದು ಸಂಬಳ ಕೊಡುವವನು ಪಡೆಯಬೇಕಾದುದು. ತೆರಿಗೆಗೆ ಒಳಪಡುವ ಒಬ್ಬ ನೌಕರನಾದರೂ ಇದ್ದಲ್ಲಿ ನಮೂನೆ 1ರಲ್ಲಿ ಅರ್ಜಿ ಸಲ್ಲಿಸಬೇಕು. ಈ ಪ್ರಮಾಣಪತ್ರದ ಆಧಾರದ ಮೇಲೆ ನೌಕರರ ತೆರಿಗೆಯನ್ನು ಕಡಿತ ಮಾಡಿ ಸರ್ಕಾರಕ್ಕೆ ಕಟ್ಟಲಾಗುತ್ತದೆ.

(ಆ) ದಾಖಲಾತಿ ಪ್ರಮಾಣಪತ್ರ: ಇದು ಸ್ವಂತ ವೃತ್ತಿಯವನು ತನ್ನ ತೆರಿಗೆಗಾಗಿ ಪಡೆಯಬೇಕಾದುದು. ಇದಕ್ಕೆ ನಮೂನೆ 2.

ಪಾಲಿಶ್ ಘಟಕದ ಮಾಲೀಕನು ಅನುಸೂಚಿಯಲ್ಲಿ ಬರುವವನಾಗಿದ್ದು, ತೆರಿಗೆಗೆ ಒಳಪಡುವ ನೌಕರರನ್ನೂ ಹೊಂದಿದ್ದರೆ ಆತನಿಗೆ ಎರಡೂ ಪ್ರಮಾಣಪತ್ರಗಳು ಬೇಕು. ಒಂದನ್ನು ಪಡೆದು ಇನ್ನೊಂದನ್ನು ಬಿಟ್ಟರೆ ಹೊಣೆ ಅರ್ಧ ಮಾತ್ರ ತೀರಿದಂತೆ.

ಗುತ್ತಿಗೆ ಕಾರ್ಮಿಕರ ವಿಷಯದಲ್ಲಿ ನೌಕರನಿಗೆ ಸಂಬಳ ಬಟವಾಡೆ ಮಾಡುವ ಹೊಣೆ ಯಾರದೋ ಕಡಿತದ ಹೊಣೆಯೂ ಅವರದೇ. ಸಿಮೆಂಟ್ ಕಾರ್ಖಾನೆಯೊಳಗೆ ದುಡಿಯುತ್ತಿದ್ದರೂ ಸಂಬಳವನ್ನು ಗುತ್ತಿಗೆದಾರನು ಕೊಡುತ್ತಿದ್ದಲ್ಲಿ ಲೆಕ್ಕ ಕೇಳಬೇಕಾದುದು ಗುತ್ತಿಗೆದಾರನನ್ನು.

5. ಪಾವತಿ ಮತ್ತು ವಿವರ ಸಲ್ಲಿಕೆಯ ಕ್ರಮ

ಸಂಬಳ ಕೊಡುವವರಿಗೆ:
• ಒಂದು ತಿಂಗಳ ತೆರಿಗೆಯನ್ನು ಮುಂದಿನ ತಿಂಗಳ 20ನೆಯ ತಾರೀಖಿನೊಳಗೆ ಕಟ್ಟಿ, ನಮೂನೆ 5-ಎ ಯಲ್ಲಿ ವಿವರ ಸಲ್ಲಿಸಬೇಕು. ಏಪ್ರಿಲ್ ತಿಂಗಳ ತೆರಿಗೆಗೆ ಮೇ 20 ಕೊನೆಯ ದಿನ.
• ಮಾರ್ಚ್ 31ಕ್ಕೆ ವರ್ಷ ಮುಗಿದ ಮೇಲೆ 60 ದಿನಗಳೊಳಗೆ, ಅಂದರೆ ಮೇ 30ರೊಳಗೆ, ನಮೂನೆ 5ರಲ್ಲಿ ವಾರ್ಷಿಕ ವಿವರ ಸಲ್ಲಿಸಬೇಕು.

ಸ್ವಂತ ವೃತ್ತಿಯವರಿಗೆ:
• ಈಗಾಗಲೇ ದಾಖಲಾತಿ ಹೊಂದಿದವರು ಪ್ರತಿ ವರ್ಷ ಏಪ್ರಿಲ್ 30ರೊಳಗೆ ಆ ವರ್ಷದ ತೆರಿಗೆಯನ್ನು ಒಂದೇ ಕಂತಿನಲ್ಲಿ ಕಟ್ಟಬೇಕು.

ಅರ್ಜಿ, ಪಾವತಿ ಮತ್ತು ವಿವರ ಸಲ್ಲಿಕೆ ಈ ಮೂರನ್ನೂ ವಾಣಿಜ್ಯ ತೆರಿಗೆಗಳ ಇಲಾಖೆಯ ಇ-ಪ್ರೇರಣಾ ಜಾಲತಾಣದಲ್ಲಿ ಮಾಡಬಹುದಾಗಿದೆ. ಪಾವತಿಯ ನಂತರ ಚಲನ್ ಪ್ರತಿಯನ್ನು ಮುದ್ರಿಸಿ ಇಟ್ಟುಕೊಳ್ಳಬೇಕು. ಹಣ ಕಟ್ಟುವುದು ಒಂದು ಕೆಲಸ, ವಿವರ ಸಲ್ಲಿಸುವುದು ಇನ್ನೊಂದು ಕೆಲಸ. ಹಣ ಕಟ್ಟಿ ವಿವರ ಸಲ್ಲಿಸದಿದ್ದರೆ ಯಾವ ತಿಂಗಳಿಗೆ, ಎಷ್ಟು ನೌಕರರಿಗಾಗಿ ಆ ಹಣ ಬಂದಿತೆಂಬುದು ಇಲಾಖೆಗೆ ತಿಳಿಯುವುದಿಲ್ಲ.

6. ಒಂದು ಲೆಕ್ಕ

ತಿಳಿವಳಿಕೆಗಾಗಿ ಒಂದು ಕಲ್ಪಿತ ಪಾಲಿಶ್ ಘಟಕವನ್ನು ತೆಗೆದುಕೊಳ್ಳಬಹುದು. ಮಾಲೀಕನು ಅನುಸೂಚಿಯಂತೆ ರೂ. 2,500 ಕಟ್ಟಬೇಕಾದವನು. ಆತನ ಬಳಿ ಆರು ಜನ ದುಡಿಯುತ್ತಾರೆ. ಮೇಸ್ತ್ರಿ ಮತ್ತು ಲೆಕ್ಕ ಬರೆಯುವವನಿಗೆ ತಿಂಗಳಿಗೆ ತಲಾ ರೂ. 26,000; ಉಳಿದ ನಾಲ್ವರಿಗೆ ತಲಾ ರೂ. 18,000.

• ಏಪ್ರಿಲ್ ತಿಂಗಳ ಕಡಿತ: ಇಬ್ಬರಿಗೆ ರೂ. 200ರಂತೆ ರೂ. 400.
• ಫೆಬ್ರವರಿ ತಿಂಗಳ ಕಡಿತ: ಇಬ್ಬರಿಗೆ ರೂ. 300ರಂತೆ ರೂ. 600.
• ಇಡೀ ವರ್ಷಕ್ಕೆ: ಹನ್ನೊಂದು ತಿಂಗಳಿಗೆ ರೂ. 4,400 ಮತ್ತು ಫೆಬ್ರವರಿಯ ರೂ. 600, ಒಟ್ಟು ರೂ. 5,000.
• ಉಳಿದ ನಾಲ್ವರಿಂದ: ಏನೂ ಇಲ್ಲ.
• ಮಾಲೀಕನ ಸ್ವಂತ ತೆರಿಗೆ: ರೂ. 2,500. ಇದನ್ನು ಆತನು ತನ್ನ ಕೈಯಿಂದಲೇ ಕಟ್ಟಬೇಕು.

ಒಟ್ಟು ರೂ. 7,500 ಸರ್ಕಾರಕ್ಕೆ ಸಲ್ಲಬೇಕು. ಇದೇ ಮಾಲೀಕನು ತಿಳಿಯದೆ ಆರೂ ಜನರಿಂದ ಕಡಿತ ಮಾಡಿದರೆ ನಾಲ್ವರಿಂದ ವರ್ಷಕ್ಕೆ ತಲಾ ರೂ. 2,500ರಂತೆ ರೂ. 10,000 ಅನ್ಯಾಯವಾಗಿ ಕಡಿತವಾಗುತ್ತದೆ. ಕಡಿತ ಮಾಡಿದ ಹಣವನ್ನು ಸರ್ಕಾರಕ್ಕೂ ಕಟ್ಟದೆ ಇದ್ದರೆ ತಪ್ಪು ಎರಡಾಗುತ್ತದೆ.

7. ತಡವಾದರೆ

ತಡವಾದ ಹಣದ ಮೇಲೆ ತಿಂಗಳಿಗೆ ಶೇ. 1.25ರಂತೆ ಬಡ್ಡಿ ಬೀಳುತ್ತದೆ, ಬಾಕಿಯ ಶೇ. 50ರವರೆಗೆ ದಂಡ ವಿಧಿಸಲು ಅವಕಾಶವಿದೆ. ಮೇಲಿನ ಲೆಕ್ಕದಲ್ಲಿ ಒಂದು ತಿಂಗಳ ರೂ. 400ಕ್ಕೆ ತಿಂಗಳ ಬಡ್ಡಿ ರೂ. 5 ಮಾತ್ರ. ಆದರೆ ಇಡೀ ವರ್ಷದ ರೂ. 5,000 ಕಟ್ಟದೆ ಉಳಿದರೆ ದಂಡವೊಂದೇ ರೂ. 2,500ರವರೆಗೆ ಹೋಗಬಹುದು.

ನೌಕರನಿಂದ ಕಡಿತ ಮಾಡಿದ್ದರೂ ಮಾಡದಿದ್ದರೂ ಸರ್ಕಾರಕ್ಕೆ ಕಟ್ಟುವ ಹೊಣೆ ಸಂಬಳ ಕೊಡುವವನದೇ ಎಂದು ಅಧಿನಿಯಮದ ಪ್ರಕರಣ 4 ಹೇಳುತ್ತದೆ. ಈ ನಿಯಮ ಗ್ರಾಮ ಪಂಚಾಯತಿಗೂ ಅನ್ವಯಿಸುತ್ತದೆ. ಪಂಚಾಯತಿಯು ತನ್ನ ನಿಧಿಯಿಂದ ಸಂಬಳ ಕೊಡುವ ಯಾವುದೇ ನೌಕರನ ವೇತನವು ರೂ. 25,000 ತಲುಪಿದಾಗ ಕಡಿತ, ಪಾವತಿ, ವಿವರ ಸಲ್ಲಿಕೆ ಮೂರೂ ಪಂಚಾಯತಿಯ ಕರ್ತವ್ಯಗಳಾಗುತ್ತವೆ. ತಪ್ಪಿದಲ್ಲಿ ಬಡ್ಡಿ ಮತ್ತು ದಂಡದ ರೂಪದಲ್ಲಿ ಹೋಗುವ ಹಣವು ಬೀದಿ ದೀಪಕ್ಕೋ ಕುಡಿಯುವ ನೀರಿಗೋ ಬಳಸಬಹುದಾಗಿದ್ದ ಹಣ.

8. ಸದಸ್ಯರು ಮಾಡಬಹುದಾದುದು

ಸದಸ್ಯರಿಗೆ ವೃತ್ತಿ ತೆರಿಗೆಯನ್ನು ನಿರ್ಧರಿಸುವ, ವಸೂಲು ಮಾಡುವ ಅಥವಾ ಯಾವುದೇ ಘಟಕವನ್ನು ತಪಾಸಣೆ ಮಾಡುವ ಅಧಿಕಾರ ಇಲ್ಲ. ಆದರೂ ಅವರಿಂದ ಆಗಬೇಕಾದ ಕೆಲಸಗಳಿವೆ.

(1) ಪಂಚಾಯತಿಯ ಸಾಮಾನ್ಯ ಸಭೆಯಲ್ಲಿ ಸಿಬ್ಬಂದಿಯ ವೇತನ ವಹಿಯನ್ನು ತರಿಸಿ ನೋಡುವುದು. ಯಾರ ವೇತನ ಮಿತಿಯನ್ನು ತಲುಪಿದೆ, ಯಾರದು ತಲುಪಿಲ್ಲ, ಕಡಿತ ಅದಕ್ಕೆ ತಕ್ಕಂತೆ ಇದೆಯೇ ಎಂದು ಕೇಳುವುದು.

(2) ಗ್ರಾಮ ಸಭೆಯಲ್ಲಿ ರೂ. 25,000ದ ಮಿತಿಯನ್ನು ಸ್ಪಷ್ಟವಾಗಿ ತಿಳಿಸುವುದು. ಈ ಒಂದು ಅಂಕಿ ತಿಳಿದಿದ್ದರೆ ಕಾರ್ಮಿಕನು ತನ್ನ ಸಂಬಳ ಚೀಟಿಯನ್ನು ತಾನೇ ಪರೀಕ್ಷಿಸಿಕೊಳ್ಳಬಲ್ಲನು.

(3) ತಪ್ಪು ಕಡಿತದ ದೂರು ಬಂದಾಗ ಸಂಬಳ ಚೀಟಿ ಅಥವಾ ಬ್ಯಾಂಕ್ ಪಾಸ್‌ಬುಕ್ಕಿನ ಪ್ರತಿಯೊಂದಿಗೆ ಮೊದಲು ಸಂಬಳ ಕೊಡುವವರಿಗೆ ಲಿಖಿತ ಮನವಿ ಕೊಡಿಸುವುದು. ಅಲ್ಲಿ ಪರಿಹಾರವಾಗದಿದ್ದರೆ ವೃತ್ತಿ ತೆರಿಗೆ ಅಧಿಕಾರಿಯವರಿಗೆ ಅಥವಾ ಕಾರ್ಮಿಕ ನಿರೀಕ್ಷಕರಿಗೆ ಅರ್ಜಿ ಸಲ್ಲಿಸಲು ನೆರವಾಗುವುದು. ಚೀಟಿಯನ್ನೇ ಕೊಡದ ಕಡೆ, ಚೀಟಿ ಕೇಳುವಂತೆ ತಿಳಿಹೇಳುವುದೇ ಮೊದಲ ಹೆಜ್ಜೆ.

(4) ವೃತ್ತಿ ತೆರಿಗೆಯ ಹೆಸರಿನಲ್ಲಿ ಯಾರಾದರೂ ಮನೆಬಾಗಿಲಲ್ಲಿ ನಗದು ಕೇಳಿದರೆ ಕೊಡಬಾರದೆಂದು, ಪಾವತಿಗೆ ಚಲನ್ ಇರಲೇಬೇಕೆಂದು ತಿಳಿಸುವುದು.

(5) ಸದಸ್ಯರು ಸ್ವತಃ ಗುತ್ತಿಗೆ, ಘಟಕ ಅಥವಾ ಶಾಲೆ ನಡೆಸುತ್ತಿದ್ದಲ್ಲಿ ತಮ್ಮ ಎರಡೂ ಪ್ರಮಾಣಪತ್ರಗಳನ್ನು ಸರಿಪಡಿಸಿಕೊಳ್ಳುವುದು. ಊರಿಗೆ ಹೇಳುವ ಮೊದಲು ಮನೆಯ ಲೆಕ್ಕ ಸರಿ ಇರಬೇಕು.

9. ಉಪಸಂಹಾರ

ಯಾಜ್ಞವಲ್ಕ್ಯ ಸ್ಮೃತಿಗೆ ‘ಮಿತಾಕ್ಷರಾ’ ಎಂಬ ವ್ಯಾಖ್ಯಾನ ಬರೆದ ವಿಜ್ಞಾನೇಶ್ವರನು ಶಹಾಬಾದ ಬಳಿಯ ಮರತೂರಿನವನೆಂದು ಪ್ರಸಿದ್ಧನಾಗಿದ್ದಾನೆ. ಆ ಸ್ಮೃತಿಯ ವ್ಯವಹಾರಾಧ್ಯಾಯದಲ್ಲಿ ಒಬ್ಬರು ಇನ್ನೊಬ್ಬರ ಬಳಿ ಇಟ್ಟ ಇಡುಗಂಟಿನ ಕುರಿತೇ ಒಂದು ಪ್ರಕರಣವಿದೆ. ಸಂಬಳದಿಂದ ಕಡಿತವಾದ ತೆರಿಗೆಯೂ ಇಡುಗಂಟಿನಂತೆಯೇ. ಕಡಿತವಾದ ಕ್ಷಣದಿಂದ ಅದು ಕಡಿತ ಮಾಡಿದವನ ಹಣವಾಗಿ ಉಳಿಯುವುದಿಲ್ಲ. ಕೊಡಬೇಕಾದವರಿಂದ ಮಾತ್ರ ಪಡೆಯುವುದು, ಪಡೆದುದನ್ನು ದಿನ ತಪ್ಪದೆ ತಲುಪಿಸುವುದು, ತಲುಪಿಸಿದುದಕ್ಕೆ ಲೆಕ್ಕ ಕೊಡುವುದು – ವೃತ್ತಿ ತೆರಿಗೆಯ ಎಲ್ಲ ನಿಯಮಗಳ ಸಾರ ಇಷ್ಟೇ.

ಚರ್ಚೆಗೆ ಪ್ರಶ್ನೆಗಳು (ಮುಂದಿನ ಸಾಮಾನ್ಯ ಸಭೆಯಲ್ಲಿ):

1. ತಿಂಗಳಿಗೆ ರೂ. 24,500 ಪಡೆಯುವ ಖಾಸಗಿ ಶಾಲೆಯ ಶಿಕ್ಷಕಿಯ ಸಂಬಳದಿಂದ ರೂ. 200 ಕಡಿತವಾಗಿದೆ. ಇದು ಸರಿಯೇ? ಆಕೆ ಮೊದಲು ಯಾರಿಗೆ ಮನವಿ ಕೊಡಬೇಕು?
2. ಜೂನ್ ತಿಂಗಳ ವೃತ್ತಿ ತೆರಿಗೆಯನ್ನು ಕಟ್ಟಲು ಕೊನೆಯ ದಿನ ಯಾವುದು?
3. ಪಂಚಾಯತಿಗೆ ಕಟ್ಟಡ ತೆರಿಗೆ ಕಟ್ಟಿದ ಗುತ್ತಿಗೆದಾರನು ವೃತ್ತಿ ತೆರಿಗೆಯಿಂದ ಮುಕ್ತನೇ?
4. ನಿಮ್ಮ ಪಂಚಾಯತಿಯ ವೇತನ ವಹಿಯಲ್ಲಿ ರೂ. 25,000ದ ಮಿತಿ ತಲುಪಿದವರು ಇದ್ದಾರೆಯೇ? ಇದ್ದಲ್ಲಿ ಕಳೆದ ತಿಂಗಳ ಚಲನ್ ಮತ್ತು ನಮೂನೆ 5-ಎ ಕಡತದಲ್ಲಿವೆಯೇ?