ಉಡುಪಿಯ ಹಾಜಿ ಅಬ್ದುಲ್ಲಾ ಸಾಹೇಬರು

ನಮ್ಮ ಉಮರ್ಗಾ, ನಿಲಂಗಾ, ಉದಗೀರ ಕಡೆಯ ರೈತಮನೆಗಳಿಗೆ ಅಡತಿ ಅಂಗಡಿಯೂ ಸಾಹುಕಾರರ ಲೆಕ್ಕದ ಪುಸ್ತಕವೂ ಹೊಸವಲ್ಲ. ಬಿತ್ತುವಾಗ ಸಾಲ, ಸುಗ್ಗಿಯಲ್ಲಿ ಬಡ್ಡಿಸಹಿತ ವಸೂಲಿ. ಮನೆಯ ಹಿರಿಯರನ್ನು ಕೇಳಿದರೆ ಮುಂದಿನದನ್ನು ಅವರೇ ಹೇಳುತ್ತಾರೆ. ಒಬ್ಬ ವರ್ತಕರು ಅಂಥ ಪುಸ್ತಕದ ಜಾಗದಲ್ಲಿ ಊರವರೆಲ್ಲರ ಉಳಿತಾಯದ ಪುಸ್ತಕವನ್ನು ತಂದಿಟ್ಟ ಸಂಗತಿಯನ್ನು ವಿದ್ಯಾರ್ಥಿಗಳು ತಿಳಿಯಬೇಕು.

ಅವರೇ ಖಾನ್ ಬಹಾದ್ದೂರ್ ಹಾಜಿ ಅಬ್ದುಲ್ಲಾ ಹಾಜಿ ಕಾಸಿಂ ಸಾಹೇಬರು. 1882ರಲ್ಲಿ ಜನಿಸಿದ ಇವರು ಕರಾವಳಿಯ ಉಡುಪಿಯ ಸಿರಿವಂತ ವರ್ತಕರು. ನಮ್ಮ ಸೀಮೆ ಆಗ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿತ್ತು. ಉಡುಪಿ ಬ್ರಿಟಿಷರ ಮದ್ರಾಸ್ ಪ್ರಾಂತದಲ್ಲಿತ್ತು. ಅಲ್ಲಿಯ ಕನ್ನಡಿಗರೂ ನಮ್ಮ ಹಿರಿಯರಂತೆ ದೂರದ ರಾಜಧಾನಿಯ ಕಡೆ ಮುಖ ಮಾಡಿ ಬದುಕಿದವರು.

1905ರ ಬಂಗಾಳ ವಿಭಜನೆಯಿಂದ ದೇಶದಲ್ಲೆಲ್ಲ ಸ್ವದೇಶಿ ಚಳವಳಿ ಹಬ್ಬಿತ್ತು. ಉಡುಪಿಯಲ್ಲಿ ಬ್ಯಾಂಕು ಇರಲಿಲ್ಲ. ಹಣ ಬೇಕಾದವರಿಗೆ ಲೇವಾದೇವಿಗಾರರೇ ಗತಿ. 1906ರ ಮಾರ್ಚ್ 12ರಂದು ಅಬ್ದುಲ್ಲಾ ಸಾಹೇಬರು ಊರಿನ ಕೆಲವು ಹಿರಿಯರನ್ನು ಕೂಡಿಕೊಂಡು ‘ಕೆನರಾ ಬ್ಯಾಂಕಿಂಗ್ ಕಾರ್ಪೊರೇಷನ್ (ಉಡುಪಿ) ಲಿಮಿಟೆಡ್’ ಸ್ಥಾಪಿಸಿದರು. ಜಾತಿಮತ ನೋಡದೆ ಎಲ್ಲರಲ್ಲೂ ಮಿತವ್ಯಯವನ್ನೂ ಸಹಕಾರವನ್ನೂ ಬೆಳೆಸುವುದೇ ಅದರ ಉದ್ದೇಶವೆಂದು ಸ್ಥಾಪಕರು ಸಾರಿದರು. ಮೂಲ ಬಂಡವಾಳ 5,000 ರೂಪಾಯಿ. ಮೊದಲ ದಿನ ಸಂಜೆ ಲೆಕ್ಕ ಹಾಕಿದಾಗ ಸೇರಿದ್ದುದು 38 ರೂಪಾಯಿ, 13 ಆಣೆ, 2 ಪೈ! ರೂಪಾಯಿಗೆ 16 ಆಣೆ, ಆಣೆಗೆ 12 ಪೈ. ಹಾಗಾದರೆ 13 ಆಣೆ 2 ಪೈ ಇಂದಿನ ಎಷ್ಟು ಪೈಸೆಯೆಂದು ಮಕ್ಕಳು ತಾವೇ ಲೆಕ್ಕ ಮಾಡಲಿ. (ಸುಮಾರು 82 ಬರದಿದ್ದರೆ ಮತ್ತೊಮ್ಮೆ ಮಾಡಲಿ.)

ಆ ಎರಡು ಪೈಯನ್ನೂ ಬಿಡದೆ ಬರೆದಿಟ್ಟರಲ್ಲ, ಅದು ನನಗೆ ಬಹಳ ಹಿಡಿಸಿದ ಸಂಗತಿ. ಏಕೆಂದರೆ ಆಗ ಜನರ ನಂಬಿಕೆ ಗಳಿಸುವುದು ಸುಲಭವಿರಲಿಲ್ಲ. ಅದೇ ವರ್ಷ ಅಕ್ಟೋಬರಿನಲ್ಲಿ ಮದ್ರಾಸಿನ ಹೆಸರಾಂತ ಆರ್ಬತ್‌ನಾಟ್ ಬ್ಯಾಂಕು ಮುಳುಗಿ ಸಾವಿರಾರು ಜನರ ಗಂಟು ಹೋಯಿತು. ಬಿಳಿಯರ ದೊಡ್ಡ ಬ್ಯಾಂಕೇ ಮುಳುಗಿದ ಮೇಲೆ ಉಡುಪಿಯ ಕೂಸನ್ನು ಯಾರು ನಂಬಬೇಕು? ಆದರೂ ಅದು ಉಳಿಯಿತು. ಅವಸರಪಡಲಿಲ್ಲ: ಕುಂದಾಪುರದಲ್ಲಿ ಮೊದಲ ಶಾಖೆ ತೆರೆದದ್ದು 1923ರಲ್ಲಿ, ಮಂಗಳೂರಿನಲ್ಲಿ 1926ರಲ್ಲಿ. 1929ರವರೆಗೂ ಅಬ್ದುಲ್ಲಾ ಸಾಹೇಬರೇ ಅಧ್ಯಕ್ಷರು.

ಊರಿನ ವಿಶ್ವಾಸ ಅವರನ್ನು ಸಾರ್ವಜನಿಕ ಜೀವನಕ್ಕೂ ಕರೆತಂದಿತು. ಮದ್ರಾಸ್ ಶಾಸನ ಪರಿಷತ್ತಿನ ಸದಸ್ಯರಾದರು. ಆದರೆ ಉಡುಪಿಯ ಜನ ನೆನೆಯುವುದು ಆ ಪದವಿಯನ್ನಲ್ಲ. ಸರಕಾರಿ ಹೆಂಗಸರ ಮತ್ತು ಮಕ್ಕಳ ಆಸ್ಪತ್ರೆಗೆ ಅವರು ಕೊಟ್ಟ ಜಾಗವನ್ನು ನೆನೆಯುತ್ತಾರೆ. ಶ್ರೀಕೃಷ್ಣ ಮಠದ ಲಕ್ಷದೀಪೋತ್ಸವಕ್ಕೆ ಎಣ್ಣೆಯ ಕೊರತೆಯಾದಾಗ ಎಣ್ಣೆ ಒದಗಿಸಿದವರು ಈ ಸಾಹೇಬರೆಂದು ಅಲ್ಲಿಯವರು ಇಂದಿಗೂ ಹೇಳುತ್ತಾರೆ.

1935ರಲ್ಲಿ ಅವರು ತೀರಿಕೊಂಡರು. ಅವರ ಬ್ಯಾಂಕು 1972ರಲ್ಲಿ ‘ಕಾರ್ಪೊರೇಷನ್ ಬ್ಯಾಂಕ್’ ಎಂದಾಯಿತು, 1980ರಲ್ಲಿ ರಾಷ್ಟ್ರೀಕರಣವಾಯಿತು, 2020ರ ಏಪ್ರಿಲ್ 1ರಂದು ಯೂನಿಯನ್ ಬ್ಯಾಂಕಿನಲ್ಲಿ ವಿಲೀನವಾಯಿತು. ಸಾಹೇಬರು ಬಾಳಿದ ಹಳೆಯ ಮನೆಯಲ್ಲಿ ಬ್ಯಾಂಕಿನವರು ನಾಣ್ಯಗಳ ಸಂಗ್ರಹಾಲಯ ತೆರೆದರು. ಪ್ರವಾಸಕ್ಕೆ ಉಡುಪಿಗೆ ಹೋದವರು ಮಠದ ದರ್ಶನವಾದ ಮೇಲೆ ಅದನ್ನೂ ನೋಡಿಬರಬಹುದು.